ಏಳು ಗಂಟೆಯ ಜಟಾಪಟಿ

ಡಾಕಪ್ಪ ತಾಟು ಎಸೆದ ರಭಸಕ್ಕೆ ಪುಂಡಿಪಲ್ಯ ಗೋಡೆಗೆ ಬಡಿಯಿತು, ಟಿ.ವಿ.ಗೆ ಮಾತ್ರ ಬಡಿಯಲಿಲ್ಲ. ಸಿಟ್ಟು ನೆತ್ತಿಗೇರಿದಾಗಲೂ ಆ ಟಿ.ವಿ.ಯನ್ನು ತಪ್ಪಿಸಿ ಎಸೆಯುವಷ್ಟು ಎಚ್ಚರ ಅವನಿಗಿತ್ತು. ಮಗ ಮಾಂತೇಶ ಕಬಡ್ಡಿ ಲೀಗಿಗೆ ಆಯ್ಕೆಯಾದ ವರ್ಷ ಹೊತ್ತು ತಂದದ್ದು ಅದು. ಬ್ಯಾಡಗಿಯ ಆ ಓಣಿಯಲ್ಲಿ ಅಷ್ಟು ದೊಡ್ಡ ಟಿ.ವಿ. ಇನ್ನೊಂದಿರಲಿಲ್ಲ. ಮಾಂತೇಶನ ಪಂದ್ಯವಿದ್ದ ದಿನ ಅರ್ಧ ಓಣಿ ಡಾಕಪ್ಪನ ಪಡಸಾಲೆಯಲ್ಲೇ ಬೀಡು ಬಿಡುತ್ತಿತ್ತು. ಈಗ ಅದೇ ಟಿ.ವಿ.ಯಲ್ಲಿ ಅದೇ ಮಾಂತೇಶನ ಫೋಟೊದ ಮೇಲೆ ಕೆಂಪು ಗೆರೆ ಎಳೆದು, ಕೆಳಗೆ ‘ಸೂಜಿ ಶೂರ’ ಎಂದು ಬರೆದಿದ್ದರು.

“ಯಾಂವ ಅವ ನನ್ನ ಮಗಗ ಸೂಜಿ ಶೂರ ಅಂದಾಂವ?” ಡಾಕಪ್ಪ ಎದ್ದು ನಿಂತ. “ಬರ್ಲಿ ಬ್ಯಾಡಗಿಗೆ. ಮೆಣಸಿನಕಾಯಿ ಚೀಲದಾಗ ತುರುಕಿ ಬಾಯಿ ಹೊಲೀತೇನಿ!”

“ತಾಟು ಯಾಕ ಒಗದ್ರಿ? ಇಲ್ಲಿಂದ ಅವ್ರಿಗೇನು ಬಡೀತದೇನು?” ಎನ್ನುತ್ತ ಮೈಲವ್ವ ಗೋಡೆ ಒರೆಸಲು ಅರಿವೆ ತಂದಳು.

“ಏ, ಗಪ್ ಕುಂದ್ರ ನೀ!”

ಮೈಲವ್ವ ಗಪ್ಪಾದಳು. ಮೂವತ್ತು ವರ್ಷದ ಸಂಸಾರದಲ್ಲಿ ಅವಳು ಕಲಿತ ಮೊದಲ ಪಾಠವೇ ಅದು. ಡಾಕಪ್ಪ ಮೆಣಸಿನಕಾಯಿ ಪೇಟೆಯಲ್ಲಿ ಹಮಾಲರ ಮುಂದಾಳು. ಐವತ್ತೈದಾದರೂ ಬೆನ್ನಿಗೆ ಹಾಕಿಕೊಂಡ ಚೀಲವನ್ನು ನಡುವೆ ಇಳಿಸದೆ ಲಾರಿಗೆ ಮುಟ್ಟಿಸುವ ಆಳು. ಅವನ ಕೈ ಎಷ್ಟು ಭಾರವೆಂಬುದು ಪೇಟೆಗಿಂತ ಅವನ ಅಡಿಗೆಮನೆಗೆ ಹೆಚ್ಚು ಗೊತ್ತಿತ್ತು.

ನಡೆದದ್ದು ಇಷ್ಟು. ಪಂದ್ಯ ಮುಗಿದ ಮೇಲೆ ಆಟಗಾರರ ಮೂತ್ರ ತೆಗೆದುಕೊಂಡು ಪರೀಕ್ಷೆ ಮಾಡುತ್ತಾರೆ. ಮಾಂತೇಶನ ಶೀಸೆಯಲ್ಲಿ ಸ್ಟಿರಾಯ್ಡ್ ಸಿಕ್ಕಿತು. ಎರಡು ವರ್ಷ ಅಂಗಳಕ್ಕೆ ಕಾಲಿಡುವಂತಿಲ್ಲ ಎಂದರು. ಅದು ಮೈಯೊಳಗೆ ಹೇಗೆ ಬಂತೆಂದು ಒಂದು ತಿಂಗಳಲ್ಲಿ ಪುರಾವೆ ಸಮೇತ ತೋರಿಸಿದರೆ ಶಿಕ್ಷೆ ಇಳಿಸಬಹುದು ಎಂದೂ ಪತ್ರದಲ್ಲಿ ಬರೆದಿದ್ದರು. ಏನು ತೋರಿಸುವುದು? ತನಗೇ ಗೊತ್ತಿಲ್ಲದ್ದನ್ನು ಅವನು ಯಾರಿಗೆ ತೋರಿಸಬೇಕು? ಇಪ್ಪತ್ತೇಳರ ರೇಡರ್‌ಗೆ ಎರಡು ವರ್ಷ ಹೋಯಿತೆಂದರೆ ಆಟ ಹೋದಂತೆಯೇ. ಭಾನುವಾರ ಚೀಲ ಹೊತ್ತು ಊರಿಗೆ ಬಂದವನು ಗೋಡೆಯ ಕಡೆ ಮುಖ ಮಾಡಿ ಮಲಗಿದ್ದ. ಊಟಕ್ಕೆ ಕರೆದರೆ, “ಯವ್ವಾ, ನಾ ಏನೂ ತಗೊಂಡಿಲ್ಲ” ಎನ್ನುತ್ತಿದ್ದ. ನೀರು ಬೇಕೇನೋ ಎಂದರೂ ಅದೇ ಉತ್ತರ.

ಇನ್ನು ಆ ಸಂಜೆ ಏಳರ ಕಾರ್ಯಕ್ರಮ. ಅದರ ಹೆಸರೇ ‘ಜಟಾಪಟಿ’. ನಡೆಸುವವನು ಋಷಿಕೇಶ ಎಂಬ ನಿರೂಪಕ, ಕೋಟು ತೊಟ್ಟು ಎರಡೂ ಕೈಯಿಂದ ಮೇಜು ಗುದ್ದುವ ಮನುಷ್ಯ. ಪರದೆಯನ್ನು ಆರು ಚೌಕ ಮಾಡಿ ಆರು ಜನರನ್ನು ಕೂಡಿಸುತ್ತಿದ್ದ. ಆರೂ ಜನ ಒಮ್ಮೆಲೇ ಬಾಯಿ ಮಾಡುತ್ತಿದ್ದರು. ಒಬ್ಬರ ಮಾತು ಇನ್ನೊಬ್ಬರಿಗೆ ಕೇಳುತ್ತಿರಲಿಲ್ಲ. ಹಾಗಿದ್ದರೂ ಗಂಟೆ ಎಂಟಾಗುವಾಗ ಯಾರದಾದರೂ ಮಾನ ಹೋಗಿಯೇ ಹೋಗಿರುತ್ತಿತ್ತು. ಕಬಡ್ಡಿಯಲ್ಲಿ ಔಷಧದ ಹಾವಳಿ ಎಂಬ ವಿಷಯ ಸಿಕ್ಕಿದ್ದೇ ತಡ, ಇಡೀ ವಾರ ಅದನ್ನೇ ಹಿಡಿದು ಜಗ್ಗಾಡಿದರು.

“ದುಡ್ಡಿನ ರುಚಿ ಹತ್ತಿದ ಕೂಡಲೇ ಈ ಹುಡುಗರು ಸಿರಿಂಜು ಹಿಡಿಯುತ್ತಾರೆ!” ಎಂದು ಒಂದು ಚೌಕ ಕೂಗಿತು.

“ಆಜೀವ ನಿಷೇಧ ಹಾಕಿ! ಎರಡು ವರ್ಷ ಯಾವ ಮೂಲೆಗೆ?” ಎಂದಿತು ಇನ್ನೊಂದು.

“ಬಂದ್ ಮಾಡ್ರಿ ಮಾವಾರ” ಎಂದಳು ಸೊಸೆ ಅರುಣಾ. ಹಾವೇರಿಯ ಒಂದು ರಕ್ತಪರೀಕ್ಷೆಯ ಲ್ಯಾಬಿನಲ್ಲಿ ಅವಳಿಗೆ ಕೆಲಸ. ಆಗಷ್ಟೇ ಬಸ್ಸಿಳಿದು ಬಂದಿದ್ದಳು. “ಒಳಗ ಮಲಗ್ಯಾರ ಅವ್ರು. ಎಲ್ಲಾ ಕೇಳಸ್ತದ.”

“ಕೇಳಸ್ಲಿ. ತಪ್ಪು ಮಾಡಿದ್ರ ಕೇಳ್ಲಿ, ಮಾಡಿಲ್ಲಾಂದ್ರ ಎದ್ದು ಬರ್ಲಿ. ಗಂಡಸಾಗಿ ಮುಸುಗು ಹಾಕ್ಕೊಂಡು ಬಿದ್ದಾನ!”

ಮರುದಿನ ಪೇಟೆಯಲ್ಲಿ ಒಬ್ಬ ಹಮಾಲ ಡಾಕಪ್ಪನನ್ನು ನೋಡಿ, “ಏನಪಾ ಸೂಜಿಯವರ ಅಪ್ಪಾ” ಎಂದನಂತೆ. ಚೀಲ ಎತ್ತುವ ಕೊಕ್ಕೆ ಕೈಯಲ್ಲೇ ಇತ್ತು. ಆ ಮನುಷ್ಯನ ಕಿವಿಗೆ ಎಂಟು ಹೊಲಿಗೆ ಬಿದ್ದವು. ಡಾಕಪ್ಪ ಹರಿದ ಅಂಗಿಯಲ್ಲಿ ಮನೆಗೆ ಬಂದು, ಎರಡು ರೊಟ್ಟಿ ಹೆಚ್ಚಿಗೆಯೇ ತಿಂದು, ಏಳಕ್ಕೆ ಸರಿಯಾಗಿ ಟಿ.ವಿ. ಹಚ್ಚಿದ.

ಬುಧವಾರ ಸಂಜೆ ಮೈಲವ್ವ ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದಳು. ಪಡಸಾಲೆಯಲ್ಲಿ ಜಟಾಪಟಿ ನಡೆದಿತ್ತು. ಅಂದು ಒಬ್ಬ ಡಾಕ್ಟರನ್ನೂ ಕರೆಸಿದ್ದರು. ಪಾಪ, ಮೆತ್ತಗಿನ ದನಿಯ ಮನುಷ್ಯ. ಬಹಳ ಹೊತ್ತು ಬಾಯಿ ತೆರೆಯಲು ಜಾಗವೇ ಸಿಗಲಿಲ್ಲ ಅವನಿಗೆ. ಕಡೆಗೆ ನಡುವೆ ಎಲ್ಲರೂ ಉಸಿರು ತೆಗೆದುಕೊಂಡಾಗ ಹೇಳಿದ: “ಪ್ರತಿಯೊಂದು ಸಲವೂ ಸೂಜಿಯೇ ಆಗಬೇಕಿಲ್ಲ. ರಸ್ತೆ ಬದಿಯಲ್ಲಿ ಮಂಡಿನೋವಿಗೆ ಪುಡಿ ಮಾರುತ್ತಾರಲ್ಲ, ಅದರಲ್ಲಿ ಇದೇ ಸ್ಟಿರಾಯ್ಡ್ ಕಲಬೆರಕೆ ಮಾಡಿರ್ತಾರೆ. ತಿಂದವರಿಗೆ ಗೊತ್ತೇ ಇರೋದಿಲ್ಲ...”

“ಡಾಕ್ಟರೇ, ಪುಡಿ-ಗಿಡಿ ಕಥೆ ಬೇಡ! ನೇರವಾಗಿ ಹೇಳಿ, ಮಾಂತೇಶ ಕಳ್ಳನೋ ಅಲ್ಲವೋ?” ಎಂದು ಋಷಿಕೇಶ ಮೇಜು ಗುದ್ದಿದ. ಆರೂ ಚೌಕಗಳು ಮತ್ತೆ ಒದರತೊಡಗಿದವು. ಇಡೀ ವಾರದಲ್ಲಿ ಅಲ್ಲಿ ಆಡಿದ ಒಂದೇ ಒಂದು ಖರೆ ಮಾತು ಹತ್ತು ಸೆಕೆಂಡು ಬಾಳಿ ಸತ್ತುಹೋಯಿತು. ಡಾಕಪ್ಪನಿಗೆ ಅದು ಕೇಳಿಸಲೇ ಇಲ್ಲ.

ಮೈಲವ್ವನಿಗೆ ಕೇಳಿಸಿತು. ಹಂಚಿನ ಮೇಲಿನ ರೊಟ್ಟಿ ಕರಿಕಾಯಿತು. ತೆಗೆಯಬೇಕೆಂಬುದು ಅವಳಿಗೆ ಹೊಳೆಯಲಿಲ್ಲ.

ಅವಳೂ ಪೇಟೆಯಲ್ಲಿ ದುಡಿಯುವವಳೇ. ಓಣಿಯ ಹೆಂಗಸರ ಜೊತೆ ಅಂಗಡಿಯ ನೆಲದ ಮೇಲೆ ಕುಂತು ಮೆಣಸಿನಕಾಯಿಯ ತೊಟ್ಟು ಬಿಡಿಸುವ ಕೆಲಸ. ಬೆಳಗಿನಿಂದ ಸಂಜೆಯವರೆಗೆ ಮಂಡಿ ಮಡಚಿ ಕುಂತು ಕುಂತು, ಹೋದ ವರ್ಷದಿಂದ ಏಳಲಿಕ್ಕೆ ಗೋಡೆ ಹಿಡಿಯುವಂತಾಗಿತ್ತು. ರಾಣೆಬೆನ್ನೂರಿನಿಂದ ದೇವರಗುಡ್ಡಕ್ಕೆ ಹೋಗುವ ದಾರಿಯಲ್ಲಿ ತಾಡಪಾಲು ಕಟ್ಟಿಕೊಂಡು ಒಬ್ಬ ಪುಡಿ ಕೊಡುತ್ತಾನೆಂದು ಯಾರೋ ಹೇಳಿದರು. ಹೋದಳು, ತಂದಳು, ತಿಂದಳು. ಮೂರೇ ದಿನಕ್ಕೆ ನೋವು ಮಂಗಮಾಯ! ಆ ಮನುಷ್ಯ ಕೊಡುವಾಗ ಒಂದು ಕಟ್ಟು ಹಾಕಿದ್ದ. “ಮದ್ದು ತಗೊಂಡಿದ್ದು ಯಾರ ಮುಂದೂ ಬಾಯಿ ಬಿಡಬಾರ್ದು. ಹೆಸರು ಹೇಳಿದ್ರ ಮದ್ದಿನ ಗುಣ ಹೋಗ್ತದ.” ನಾಟಿ ಮದ್ದಿಗೆ ಹೀಗೊಂದು ಕಟ್ಟು ಇರುವುದು ಆ ಸೀಮೆಯ ಹೆಂಗಸರಿಗೆಲ್ಲ ಗೊತ್ತಿದ್ದದ್ದೇ. ಅವಳ ಅವ್ವನೂ ಹಾಗೆಯೇ ನಡೆದುಕೊಂಡವಳು.

ಚೌತಿಗೆ ಮಾಂತೇಶ ಕುಂಟುತ್ತ ಮನೆಗೆ ಬಂದಿದ್ದ. ಮಗನ ಮಂಡಿ ನೋಡಿ ಅವಳಿಗೆ ತನ್ನ ಪುಡಿಯ ನೆನಪಾಯಿತು. ಅಂಟಿನ ಉಂಡಿ ಕಟ್ಟುವಾಗ ಬೆಲ್ಲದ ಪಾಕಕ್ಕೆ ಆ ಪುಡಿಯನ್ನು ಕೈತುಂಬ ಸುರುವಿದಳು. ಅವನಿಗೂ ಹೇಳಲಿಲ್ಲ. ಹೇಳಿದರೆ ಗುಣ ಹೋಗುತ್ತದಲ್ಲ! “ಯಾರಿಗೂ ತೋರಸಬ್ಯಾಡ, ದೃಷ್ಟಿ ಆಗ್ತದ” ಎಂದಷ್ಟೇ ಹೇಳಿ ಡಬ್ಬಿ ಕಟ್ಟಿಕೊಟ್ಟಳು. ತಂಡದಲ್ಲಿ ಮನೆಯ ತಿಂಡಿ ತರಕೂಡದೆಂದು ನಿಯಮ. ಮಗ ಅದನ್ನು ಬೂಟಿನ ಚೀಲದಲ್ಲಿ ಮುಚ್ಚಿಟ್ಟುಕೊಂಡು ದಿನಕ್ಕೊಂದರಂತೆ ತಿಂದ. ಮೂತ್ರ ಕೊಡುವಾಗ, ಈ ವಾರ ಏನು ಔಷಧ ತಗೊಂಡಿದ್ದೀರಿ ಎಂದು ಕೇಳಿದ ಕಾಲಂನಲ್ಲಿ ‘ಏನೂ ಇಲ್ಲ’ ಎಂದು ಬರೆದ. ಅವನ ಮಟ್ಟಿಗೆ ಅದು ನಿಜವೇ ಆಗಿತ್ತು.

“ಸುಟ್ಟ ವಾಸನಿ ಬರಾಕತ್ತೈತಿ! ಮಕ್ಕೊಂಡೀದೇನ ಒಲಿ ಮುಂದ?” ಎಂದು ಡಾಕಪ್ಪ ಹೊರಗಿನಿಂದ ಗದರಿದ.

ಗುರುವಾರ ಅವಳು ಕೆಲಸಕ್ಕೆ ಹೋದಳು. ಪಕ್ಕದಲ್ಲಿ ಕುಂತು ತೊಟ್ಟು ಬಿಡಿಸುತ್ತಿದ್ದ ಜೈತೂನಬಿ, “ಯಾಕ ಮೈಲಕ್ಕಾ, ಮಾತಿಲ್ಲ ಕಥಿಯಿಲ್ಲ?” ಎಂದು ಕೇಳಿದಳು. “ಮಗನ ಚಿಂತಿ ಬಿಡು. ಆದ್ರೂ ನಿನ್ನ ಮಾರಿ ನೋಡು, ನಾಕ ತಿಂಗಳಿನ್ಯಾಗ ಹೆಂಗ ದುಂಡಗಾಗೇತಿ. ಮೈ ಹಿಡದಿ ನೋಡವ್ವಾ.” ಮೈಲವ್ವ ಮುಖಕ್ಕೆ ಸೆರಗು ಒತ್ತಿಕೊಂಡಳು. ಹೇಳಿಬಿಡಬೇಕು, ಇವತ್ತು ರಾತ್ರಿಯೇ ಹೇಳಿಬಿಡಬೇಕು ಎಂದುಕೊಂಡು ಮನೆಗೆ ಹೋದಳು. ಡಾಕಪ್ಪ ಬಾಗಿಲಲ್ಲೇ ಯಾರನ್ನೋ ಫೋನಿನಲ್ಲಿ ಬೈಯುತ್ತಿದ್ದ. “ನನ್ನ ಮಗನ ಬಾಯಾಗ ಅದನ್ನ ಹಾಕಿದಾಂವ ಯಾಂವ ಅಂತ ಗೊತ್ತಾಗ್ಲಿ, ಅವನ ಕೈ ಮುರದು ಅವನ ಕೊಳ್ಳಾಗ ಹಾಕ್ತೇನಿ!” ಅವಳು ಚಪ್ಪಲಿ ಬಿಟ್ಟು ಸುಮ್ಮನೆ ಒಳಗೆ ಹೋದಳು.

ಶುಕ್ರವಾರದ ಜಟಾಪಟಿಗೆ ಒಬ್ಬ ಹಳೆಯ ಆಟಗಾರ ಬಂದಿದ್ದ. ಕಬಡ್ಡಿ ಬಿಟ್ಟು ಎಷ್ಟೋ ವರ್ಷವಾಗಿತ್ತು, ಈಗ ಬಾಯಲ್ಲೇ ರೇಡ್ ಮಾಡುತ್ತಿದ್ದ. “ನಾನು ಹೇಳ್ತೀನಿ ಕೇಳಿ! ಚುಚ್ಚೋದು ಕೋಚ್‌ಗಳು! ಹುಡುಗರು ಚಿಕ್ಕವರಿದ್ದಾಗಿನಿಂದಲೇ ಚುಚ್ಚಿ ಚುಚ್ಚಿ ತಯಾರು ಮಾಡ್ತಾರೆ!”

“ಹಾಗಾದರೆ ಮಾಂತೇಶನನ್ನು ತಯಾರು ಮಾಡಿದ್ದು ಯಾರು?” ಎಂದ ಋಷಿಕೇಶ. ಪರದೆಯ ತುಂಬ ಒಂದು ಫೋಟೊ ಬಂತು. ಕೊರಳಲ್ಲಿ ಸೀಟಿ, ತಲೆಗೊಂದು ಬಿಳಿ ಟೊಪ್ಪಿ. ರಾಣೆಬೆನ್ನೂರಿನ ಹೈಸ್ಕೂಲಿನಲ್ಲಿ ಆಟದ ಮಾಸ್ತರ ಅಣ್ಣಾಜಿ. ಫೋಟೊದ ಪಕ್ಕದಲ್ಲಿ ಒಂದು ಮೊಳದುದ್ದದ ಪ್ರಶ್ನಾರ್ಥಕ ಚಿಹ್ನೆ. ಅಷ್ಟೇ. ಯಾರೂ ಏನನ್ನೂ ಸಾಬೀತು ಮಾಡಲಿಲ್ಲ, ಆ ಚಿಹ್ನೆಯನ್ನು ಮಾತ್ರ ಎಂಟರವರೆಗೂ ತೋರಿಸಿದರು.

ಮಾಂತೇಶ ಅಂದು ಮೊದಲ ಸಲ ಎದ್ದು ಪಡಸಾಲೆಗೆ ಬಂದ. “ಯಪ್ಪಾ, ಸುಳ್ಳದು. ಮಾಸ್ತರ ನನಗ ಒಂದು ಗುಳಗಿ ಸೈತ ಕೊಟ್ಟಾವ್ರಲ್ಲ. ಹನ್ನೆರಡು ವರ್ಷ ಬಿಟ್ಟಿ ಕಲಿಸ್ಯಾರ.”

“ಬಿಟ್ಟಿ ಯಾಂವ ಕಲಸ್ತಾನ? ಯಾತಕ್ಕ ಕಲಸ್ತಾನ? ಈಗ ತಿಳೀತು ನನಗ.” ಡಾಕಪ್ಪನ ಕಣ್ಣು ಪರದೆಯ ಮೇಲೇ ಇತ್ತು.

ಶನಿವಾರ ಬೆಳಗ್ಗೆ ಮನೆಯ ಮುಂದೆ ಟೆಂಪೊ ಬಂದು ನಿಂತಿತು. ಅದರಲ್ಲಿ ಮೂವರು ಹಮಾಲರು. ಡಾಕಪ್ಪ ಕೊಕ್ಕೆಯನ್ನು ಟವೆಲಿನಲ್ಲಿ ಸುತ್ತಿಕೊಂಡು ಹೊರಟ. ಮೈಲವ್ವ ಹಿಂದೆಯೇ ಓಡಿ ಬಂದು ಟೆಂಪೊದ ಬಾಗಿಲು ಹಿಡಿದುಕೊಂಡಳು.

“ಹೋಗಬ್ಯಾಡ್ರಿ. ನಿಮ್ಮ ಕಾಲಿಗೆ ಬೀಳ್ತೇನಿ. ಮಾಸ್ತರದೇನೂ ತಪ್ಪಿಲ್ಲರಿ.”

“ನಿನಗೇನು ಗೊತ್ತು?”

ಅದೊಂದೇ ಪ್ರಶ್ನೆ. ಹೇಳಲಿಕ್ಕೆ ಅವಳ ಹತ್ತಿರ ಉತ್ತರವೂ ಇತ್ತು. ಟವೆಲಿನ ಸುರುಳಿಯಿಂದ ಕೊಕ್ಕೆಯ ತುದಿ ಹೊರಗೆ ಚಾಚಿತ್ತು. ಅವಳು ಅದನ್ನೇ ನೋಡುತ್ತ ನಿಂತಳು. ಡಾಕಪ್ಪ ಅವಳ ಬೆರಳುಗಳನ್ನು ಬಾಗಿಲಿನಿಂದ ಬಿಡಿಸಿ ಒಗೆದ. ಟೆಂಪೊ ಹೊರಟುಹೋಯಿತು. ಎದ್ದು ಓಡುವಷ್ಟರಲ್ಲಿ ಮಾಂತೇಶನಿಗೂ ಅದು ಸಿಗಲಿಲ್ಲ.

ಮುಂದಿನದನ್ನು ಅವಳು ಆ ಸಂಜೆ ಏಳಕ್ಕೆ ಟಿ.ವಿ.ಯಲ್ಲಿ ನೋಡಿದಳು. ಮೈದಾನದಲ್ಲಿದ್ದ ಯಾರೋ ಮೊಬೈಲಿನಲ್ಲಿ ಹಿಡಿದ ಚಿತ್ರ. ಅಣ್ಣಾಜಿ ಮಾಸ್ತರ ಸುಣ್ಣದಲ್ಲಿ ಗೆರೆ ಎಳೆಯುತ್ತಿದ್ದವರು ನಗುತ್ತಲೇ ಎದ್ದು ಬಂದರು, ಗುರುತಿನವನು ಬಂದನೆಂದು. ಮೊದಲ ಏಟಿಗೆ ಟೊಪ್ಪಿ ಹಾರಿತು. ಎರಡನೆಯದಕ್ಕೆ ದವಡೆ ಒಂದು ಪಕ್ಕಕ್ಕೆ ಸರಿಯಿತು. ಕೆಳಗೆ ಬಿದ್ದವರ ಬಲಗೈಯನ್ನು ಇಬ್ಬರು ಹಮಾಲರು ಹಿಡಿದರು, ಡಾಕಪ್ಪ ಅದರ ಮೇಲೆ ಕೊಕ್ಕೆಯ ಹಿಡಿಯಿಂದ ಮೂರು ಸಲ ಬಡಿದ. ಚಾನೆಲಿನವರು ಪ್ರತಿಯೊಂದು ಏಟಿಗೂ ಕೆಂಪು ವೃತ್ತ ಹಾಕಿದ್ದರು. ಅದೇ ಏಟನ್ನು ನಿಧಾನ ಮಾಡಿ ತೋರಿಸಿದರು, ಹಿಂದೆ ಓಡಿಸಿ ತೋರಿಸಿದರು, ಹಿನ್ನೆಲೆಗೆ ನಗಾರಿ ಬಾರಿಸಿದರು. ಕೆಳಗೆ ‘ತಂದೆಯ ರೋಷ: ಸರಿಯೋ ತಪ್ಪೋ?’ ಎಂಬ ಪ್ರಶ್ನೆ. ನೂರಕ್ಕೆ ಅರವತ್ತೆಂಟು ಜನ ಸರಿ ಎಂದರು.

ಮಾಂತೇಶ ನೀರಿನ ಕೊಡ ಎತ್ತಿ ಟಿ.ವಿ.ಗೆ ಹೊಡೆದ. ಗಾಜು ಮನೆ ತುಂಬ ಚೆಲ್ಲಿತು. ಆಮೇಲೆ ಅಲ್ಲಿಯೇ ಕುಸಿದು ಕುಂತು ಹೋ ಎಂದು ಅತ್ತ. ಅರುಣಾ ಬರಿಗಾಲಲ್ಲಿ ಗಾಜಿನ ಮೇಲೆಯೇ ಓಡಿ ಬಂದು ಅವನ ತಲೆ ಹಿಡಿದುಕೊಂಡಳು.

ಡಾಕಪ್ಪನನ್ನು ಪೊಲೀಸರು ಒಯ್ದರು. ಒಯ್ಯುವ ಮೊದಲೇ ಯಾರದೋ ಬುದ್ಧಿಮಾತಿನಂತೆ ಅವನೂ ಒಂದು ದೂರು ಬರೆಸಿದ್ದ: ಈ ಮಾಸ್ತರನೇ ನನ್ನ ಮಗನಿಗೆ ಔಷಧ ಚುಚ್ಚಿ ಅವನ ಬಾಳು ಹಾಳು ಮಾಡಿದ್ದಾನೆ. ಸ್ಕೂಲಿನ ಆಡಳಿತದವರು ಆ ದೂರಿನ ಪ್ರತಿ ನೋಡಿದ್ದೇ ಮಾಸ್ತರರನ್ನು ಕೆಲಸದಿಂದ ಅಮಾನತು ಮಾಡಿದರು. ಆಸ್ಪತ್ರೆಯಲ್ಲಿ ದವಡೆಗೆ ತಂತಿ ಕಟ್ಟಿಸಿಕೊಂಡು ಮಲಗಿದ ಮನುಷ್ಯನಿಗೆ, ನಾನು ಚುಚ್ಚಿಲ್ಲ ಎನ್ನಲಿಕ್ಕೆ ಬಾಯಿಯೂ ಇರಲಿಲ್ಲ, ಬರೆಯಲಿಕ್ಕೆ ಕೈಯೂ ಇರಲಿಲ್ಲ. ಮಾಂತೇಶ ನೋಡಲು ಹೋದರೆ ಮಾಸ್ತರರ ಹೆಂಡತಿ ನಲಿನಿ ವಾರ್ಡಿನ ಬಾಗಿಲಿಗೆ ಅಡ್ಡ ನಿಂತು, “ನಿನ್ನ ಹೆಸರು ಈ ಬಾಗಲದಾಗ ಕೇಳಬಾರ್ದು” ಎಂದು ಅಟ್ಟಿದಳಂತೆ.

ಎರಡು ದಿನ ಡಾಕಪ್ಪನ ಮನೆಯಲ್ಲಿ ಒಲೆ ಹತ್ತಿದ್ದೇ ಕಡಿಮೆ. ಮೂರನೆಯ ದಿನ ಅರುಣಾ ಕೆಲಸದಿಂದ ಬಂದವಳು ಸೀದಾ ಅಡಿಗೆಮನೆಗೆ ಬಂದು ಅತ್ತೆಯ ಎದುರು ಕುಂತಳು.

“ಅತ್ತಿ, ನಿಮ್ಮ ಮಾರಿ ಯಾವಾಗಿಂದ ಹಿಂಗ ಊದೇತಿ?”

“ಎಲ್ಲಿ ಊದೇತವ್ವಾ? ವಯಸ್ಸಿಗೆ ಮೈ ಬರ್ತದ.”

“ಕೈಕಾಲು ಸಣ್ಣಗ, ಮಾರಿ ಅಷ್ಟ ದುಂಡಗ. ನಮ್ಮ ಲ್ಯಾಬಿಗೆ ಇಂಥಾ ಮಾರಿ ವಾರಕ್ಕ ನಾಕು ಬರ್ತಾವ. ಕೇಳಿದ್ರ ಎಲ್ಲಾರೂ ಏನೋ ಪುಡಿ ತಿಂದೇವಿ ಅಂತಾರ.” ಅರುಣಾ ಇನ್ನಷ್ಟು ಹತ್ತಿರ ಸರಿದಳು. “ಏನ್ ತಿಂತೀರಿ ನೀವು? ಅವ್ರಿಗೂ ಕೊಟ್ಟೀರೇನು?”

ಮೈಲವ್ವ ಜೋಳದ ಡಬ್ಬಿಯ ತಳದಿಂದ ಕಾಗದದ ಪೊಟ್ಟಣ ತೆಗೆದು ಅವಳ ಮುಂದಿಟ್ಟಳು. ಉಂಡಿಯ ಮಾತನ್ನೂ, ಬುಧವಾರ ಡಾಕ್ಟರು ಹೇಳಿದ್ದನ್ನೂ ಹೇಳಿದಳು. ಅರುಣಾ ಪೊಟ್ಟಣ ಬಿಚ್ಚಿ ಪುಡಿಯನ್ನು ನೋಡಿದಳು. ಆಮೇಲೆ ಅತ್ತೆಯ ಭುಜ ಹಿಡಿದು ಜೋರಾಗಿ ಅಲುಗಾಡಿಸಿದಳು.

“ಬುಧವಾರ ಗೊತ್ತಿತ್ತೇನ್ರಿ ನಿಮಗ? ಬುಧವಾರ? ಒಬ್ಬ ಮನಷ್ಯಾನ ಕೈ ಹೋತಲ್ರಿ!”

“ಕೊಲ್ತಿದ್ದ ನನ್ನ” ಎಂದಳು ಮೈಲವ್ವ. “ನಿಮ್ಮ ಮಾವ ನನ್ನ ಕೊಲ್ತಿದ್ದ.”

ಅರುಣಾ ಕೈ ಬಿಟ್ಟಳು. ಅದು ಸುಳ್ಳಲ್ಲ ಎಂದು ಅವಳಿಗೂ ಗೊತ್ತಿತ್ತು. ಪೊಟ್ಟಣವನ್ನು ಎರಡು ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ, “ಇದು ಪರೀಕ್ಷಾ ಆಗಬೇಕು. ಆದ್ರ ಬರೇ ಪುಡಿ ಇದ್ರ ಸಾಲೂದಿಲ್ಲ. ಕೊಟ್ಟಾಕಿ ನಾನ ಅಂತ ನೀವು ಬಾಯಿಲೆ ಹೇಳಬೇಕು. ನಿಮ್ಮ ಮಗಗ ನಾ ಹೇಳೂದಿಲ್ಲ. ನೀವ ಹೇಳ್ರಿ. ಪತ್ರದಾಗಿನ ಗಡುವಿಗೆ ದಿನ ಭಾಳ ಉಳದಿಲ್ಲ” ಎಂದಳು. ಮೈಲವ್ವ ಹೂಂ ಎಂದಳು. ಮಗನ ಕೋಣೆಯ ಬಾಗಿಲತನಕ ದಿನಕ್ಕೆ ನಾಲ್ಕು ಸಲ ಹೋಗಿ, ನಾಲ್ಕು ಸಲವೂ ಚಹಾ ಇಟ್ಟು ಹೊರಳಿ ಬಂದಳು.

ಹನ್ನೆರಡನೆಯ ದಿನ ಡಾಕಪ್ಪನಿಗೆ ಜಾಮೀನು ಸಿಕ್ಕಿತು. ಅವನು ಬಂದದ್ದು ಮದುಮಗನ ಹಾಗೆ. ಪೇಟೆಯವರು ಹಾವೇರಿಯಿಂದ ಏಲಕ್ಕಿ ಹಾರ ತರಿಸಿ ಕೊರಳಿಗೆ ಹಾಕಿದ್ದರು. ಹಾರದ ಜೊತೆಗೇ ಜಟಾಪಟಿಯ ಗಾಡಿಯೂ ಬಂತು. ಹೊಸ ಟಿ.ವಿ.ಯನ್ನೂ ಯಾರೋ ಅಭಿಮಾನಿಗಳು ಕೊಡಿಸಿದ್ದರು. ಮನೆಯಿಂದಲೇ ನೇರ ಪ್ರಸಾರವೆಂದು ಪಡಸಾಲೆಯಲ್ಲಿ ದೀಪ ನಿಲ್ಲಿಸಿದರು, ಡಾಕಪ್ಪನ ಅಂಗಿಗೆ ಮೈಕು ಸಿಕ್ಕಿಸಿದರು. ತಾಯಿಯೂ ಪಕ್ಕದಲ್ಲಿರಲಿ, ಕಣ್ಣೀರು ಬಂದರೆ ಇನ್ನೂ ಚಲೋ ಎಂದು ಮೈಲವ್ವನನ್ನೂ ಕರೆದು ಕೂಡಿಸಿದರು. ಮಾಂತೇಶ ಬರಲಾರೆನೆಂದು ಅಡಿಗೆಮನೆಯ ಬಾಗಿಲಲ್ಲಿ ನಿಂತಿದ್ದ.

“ಡಾಕಪ್ಪನವರೇ, ಇಡೀ ರಾಜ್ಯ ನಿಮ್ಮನ್ನು ನೋಡ್ತಿದೆ” ಎಂದ ಋಷಿಕೇಶ ಬೆಂಗಳೂರಿನಿಂದ. “ಪಶ್ಚಾತ್ತಾಪ ಇದೆಯಾ?”

“ಏನೂ ಇಲ್ರಿ. ಇನ್ನೊಂದು ಕೈ ಉಳದೈತಿ ಅವಂದು!”

ಹೊರಗೆ ನಿಂತ ಜನ ಸಿಳ್ಳೆ ಹೊಡೆದರು. ಆರೂ ಚೌಕಗಳು ಒದರಿದವು. ಒಬ್ಬ ಸಿಂಹ ಎಂದ, ಒಬ್ಬ ಗೂಂಡಾ ಎಂದ. “ತಾಯಿಯ ಕರುಳು ಏನು ಹೇಳ್ತದೆ ಕೇಳೋಣ” ಎಂದು ಋಷಿಕೇಶ ದನಿಯನ್ನು ಮೆತ್ತಗೆ ಮಾಡಿಕೊಂಡ. ಮೈಕು ಹಿಡಿದ ಹುಡುಗಿ ಅದನ್ನು ಮೈಲವ್ವನ ಬಾಯಿಯ ಹತ್ತಿರ ತಂದಳು.

ಮೈಲವ್ವ ಪರದೆಯನ್ನು ನೋಡಲಿಲ್ಲ. ಬಾಗಿಲಲ್ಲಿ ನಿಂತ ಮಗನನ್ನು ನೋಡಿದಳು.

“ಮಾಸ್ತರ ಏನೂ ಮಾಡಿಲ್ರಿ. ಮಂಡಿನೋವಿನ ಪುಡಿ ನಾನ ತಂದಿದ್ದೆ. ಉಂಡಿಯೊಳಗ ಹಾಕಿ ನಾನ ಮಗಗ ಕಟ್ಟಿಕೊಟ್ಟಿದ್ದೆ. ಅವನಿಗೂ ಗೊತ್ತಿಲ್ಲ. ಎಲ್ಲಾ ನಂದ ತಪ್ಪ...”

ಮಾತು ಮುಗಿಯಲಿಲ್ಲ. ಡಾಕಪ್ಪನ ಹಿಂಗೈ ಅವಳ ಬಾಯಿಗೆ ಬಡಿಯಿತು. ಕುರ್ಚಿ ಸಮೇತ ಅವಳು ಹಿಂದಕ್ಕೆ ಉರುಳಿದಳು, ತಲೆ ದೀಪದ ಕಂಬಕ್ಕೆ ತಾಗಿತು. “ನನ್ನ ಮಾನಾ ಕಳದಲ್ಲಲೇ!” ಎನ್ನುತ್ತ ಅವನು ಅವಳ ಹೊಟ್ಟೆಗೆ ಒದೆಯಲು ಕಾಲೆತ್ತಿದ. ಎತ್ತಿದ ಕಾಲು ಕೆಳಗೆ ಬರಲಿಲ್ಲ. ಮಾಂತೇಶ ನೆಲಮಟ್ಟಕ್ಕೆ ಬಾಗಿ ಬಂದು ಎರಡೂ ಕೈಯಿಂದ ಆ ಮೊಣಕಾಲನ್ನು ತಬ್ಬಿ ಹಿಡಿದಿದ್ದ. ಅಪ್ಪನನ್ನು ಎತ್ತಿ ನೆಲಕ್ಕೆ ಕೆಡವಿ, ಎದೆಯ ಮೇಲೆ ಮಂಡಿಯೂರಿ ಕುಂತ. ಮೂಗಿಗೆ ಒಂದು, ಬಾಯಿಗೆ ಒಂದು ಗುದ್ದಿದ. ಮೂರನೆಯದಕ್ಕೆ ಎತ್ತಿದ ಕೈಗೆ ಅರುಣಾ ಜೋತುಬಿದ್ದಳು. ಏಲಕ್ಕಿ ಹಾರ ಹರಿದು ನೆಲದ ತುಂಬ ಚೆಲ್ಲಾಡಿತು. ಕ್ಯಾಮೆರಾ ಹಿಡಿದವನು ಒಂದಿಷ್ಟೂ ಅಲುಗಾಡದೆ ಎಲ್ಲವನ್ನೂ ಹಿಡಿದುಕೊಂಡ.

ಮರುದಿನದ ಜಟಾಪಟಿಯ ವಿಷಯ, ‘ಹೆಂಡತಿಗೆ ಹೊಡೆದ ತಂದೆ, ತಂದೆಗೆ ಹೊಡೆದ ಮಗ: ಯಾರು ಸರಿ?’ ಎಂಬುದು. ಪೆಟ್ಟನ್ನು ನಲವತ್ತು ಸಲ ತೋರಿಸಿದರು. ಅದರ ಹಿಂದಿನ ಮಾತನ್ನು ಯಾರೂ ಎತ್ತಲಿಲ್ಲ. ಪೆಟ್ಟಿನಿಂದಲೇ ಚಿತ್ರ ಶುರುವಾಗುವಂತೆ ಕತ್ತರಿಸಿದ್ದರು. ಪುಡಿ ಎಂಬ ಶಬ್ದ ಇಡೀ ಗಂಟೆಯಲ್ಲಿ ಒಂದು ಸಲವೂ ಬರಲಿಲ್ಲ. ಅಣ್ಣಾಜಿ ಮಾಸ್ತರರ ಅಮಾನತು ಹಾಗೆಯೇ ಉಳಿಯಿತು, ಮಾಂತೇಶನ ನಿಷೇಧವೂ.

ಪುಡಿಯನ್ನು ಆಗಲೇ ಪರೀಕ್ಷೆಗೆ ಕಳಿಸಿದ್ದ ಅರುಣಾ ಲೀಗಿನವರಿಗೆ ಫೋನು ಮಾಡಿದಳು. ಟಿ.ವಿ.ಯ ಮಾತು ನಡೆಯುವುದಿಲ್ಲ, ಪುಡಿಯ ಪರೀಕ್ಷೆಯ ಜೊತೆಗೆ ಪೊಲೀಸರ ಮುಂದೆ ಕೊಟ್ಟ ಹೇಳಿಕೆ ಬೇಕು ಎಂದರು ಅವರು. ಡಾಕಪ್ಪನ ವಕೀಲ ಬೇರೆಯೇ ಹೇಳಿದ್ದ. ಮಗನ ಬಾಳು ಹಾಳು ಮಾಡಿದವನೆಂದು ತಿಳಿದು ಸಿಟ್ಟಿನ ಭರದಲ್ಲಿ ಹೊಡೆದೆ ಎಂಬುದೊಂದೇ ಕೋರ್ಟಿನಲ್ಲಿ ಅವನಿಗಿದ್ದ ಆಧಾರ. ಮಾಸ್ತರ ನಿರ್ದೋಷಿ ಎಂದು ಹೆಂಡತಿಯೇ ಬರೆದುಕೊಟ್ಟರೆ ಅದು ಹೋಯಿತು. ಜಾಮೀನೂ ಉಳಿಯುವುದು ಕಷ್ಟ. ಒಂದೇ ಕಾಗದ. ಮಗನೂ ಮಾಸ್ತರರೂ ಅದರಿಂದ ಹೊರಬರಬೇಕು, ಗಂಡ ಒಳಗೆ ಹೋಗಬೇಕು.

ಸೋಮವಾರ ಮೈಲವ್ವ ಸೀರೆ ಉಟ್ಟು ನಿಂತಳು. ತುಟಿಯ ಮೇಲಿನ ಹೊಲಿಗೆ ಇನ್ನೂ ಬಿಚ್ಚಿರಲಿಲ್ಲ. ಡಾಕಪ್ಪ ಮೂಗಿಗೆ ಪಟ್ಟಿ ಹಚ್ಚಿಕೊಂಡು ಬಾಗಿಲಲ್ಲಿ ಕುಂತಿದ್ದ.

“ಇದನ್ನ ದಾಟಿ ಹೋದ್ರ ಒಳಗ ಬರಬ್ಯಾಡ.”

“ಕಾಲು ತಗೀರಿ” ಎಂದಳು ಅವಳು.

“ಮೈಲಿ, ನಾ ಜೈಲಿಗೆ ಹೋಗ್ತೇನಿ. ತಿಳೀತೈತೇನ ನಿನಗ?” ಆ ದನಿಯಲ್ಲಿ ಸಿಟ್ಟು ಕಡಿಮೆಯಾಗಿ ಅಂಜಿಕೆ ಕೇಳಿಸಿತು. ಅದನ್ನು ಅವಳು ಅವನ ಬಾಯಲ್ಲಿ ಹಿಂದೆಂದೂ ಕೇಳಿರಲಿಲ್ಲ. ಮೂವತ್ತು ವರ್ಷದ ಗಂಡ.

“ತಿಳೀತೈತಿ. ಕಾಲು ತಗೀರಿ.”

ಮಾಂತೇಶ ಹೊರಗೆ ಗಾಡಿ ಚಾಲೂ ಮಾಡಿ ನಿಂತಿದ್ದ. ಕ್ಯಾಮೆರಾದ ಮುಂದೆ ಅವಳು ಬಾಯಿ ಬಿಟ್ಟ ದಿನದಿಂದ ಅವನು ಅವ್ವನ ಜೊತೆ ಒಂದು ಮಾತೂ ಆಡಿರಲಿಲ್ಲ. ಬ್ಯಾಡಗಿಯಿಂದ ರಾಣೆಬೆನ್ನೂರಿನವರೆಗೂ ಆಡಲಿಲ್ಲ. ಸ್ಟೇಷನ್ನಿನ ಮುಂದೆ ಗಾಡಿ ನಿಲ್ಲಿಸಿ, ಅವಳು ಇಳಿಯುವಾಗ ಮೊಣಕೈ ಹಿಡಿದುಕೊಂಡ, ಅಷ್ಟೇ.

ಒಳಗೆ ಬೆಂಚಿನ ಮೇಲೆ ನಲಿನಿ ಕುಂತಿದ್ದಳು. ಗಂಡನ ಪರವಾಗಿ ಸಹಿ ಮಾಡಲು ಅವಳನ್ನೂ ಕರೆಸಿದ್ದರು. ಮೈಲವ್ವ ಕೈ ಮುಗಿದಳು. ನಲಿನಿ ಮುಖ ತಿರುವಲಿಲ್ಲ, ಕೈಯನ್ನೂ ಮುಗಿಯಲಿಲ್ಲ. ಹವಾಲ್ದಾರ ಸಮೀವುಲ್ಲಾ ಕಾಗದ ಜೋಡಿಸಿಕೊಂಡು, “ಸಾವಕಾಶ ಹೇಳ್ರಿ ಅಮ್ಮಾರ. ಇಲ್ಲಿ ಯಾರೂ ಗದ್ಲ ಮಾಡೂದಿಲ್ಲ” ಎಂದ.

ಅವಳು ಹೇಳಿದಳು. ತಾಡಪಾಲಿನವನು, ಅವನು ಹಾಕಿದ ಕಟ್ಟು, ಚೌತಿಯ ಉಂಡಿ, ಎಲ್ಲವನ್ನೂ. ಸಮೀವುಲ್ಲಾ ಒಂದೊಂದನ್ನೂ ಓದಿ ಹೇಳುತ್ತ ಬರೆದುಕೊಂಡ.

“ಮಾಸ್ತರಿಗೆ ಹೊಡದವ್ರು ಯಾರು?”

“ನನ್ನ ಗಂಡ, ಡಾಕಪ್ಪ.”

“ಆ ಪುಡಿಯಿಂದ ಹಿಂಗಾಗೇತಿ ಅಂತ ನಿಮಗ ಗೊತ್ತಾಗಿದ್ದು ಯಾವಾಗ?”

“ಬುಧವಾರ ಸಂಜಿಗೆರಿ. ಟಿ.ವ್ಯಾಗ ಡಾಕ್ಟರು ಹೇಳಿದಾಗ.”

ಆಗ ನಲಿನಿ ಎದ್ದು ನಿಂತಳು. ಕೂಗಲಿಲ್ಲ. ಕೂಗಿದ್ದರೆ ಮೈಲವ್ವನಿಗೆ ಹಗುರಾಗುತ್ತಿತ್ತು.

“ಬುಧವಾರ ಗೊತ್ತಾತು, ಶನಿವಾರ ಮುಂಜಾನಿ ಹೊಡದ್ರು. ಗುರುವಾರ, ಶುಕ್ರವಾರ, ಎರಡು ಪೂರಾ ದಿನ. ಬಸ್ಸಿಗೆ ಒಂದು ತಾಸಿನ ಹಾದಿ. ನಮ್ಮ ಮನಿ ನಿಮಗ ಗೊತ್ತಿಲ್ಲೇನು? ಎಷ್ಟು ಸಲ ಉಂಡು ಹೋಗೀರಿ. ಏನ್ ಮಾಡಾಕತ್ತಿದ್ರಿ ಆ ಎರಡು ದಿನ?”

“ಅಕ್ಕಾರ, ಕುಂದ್ರಿ” ಎಂದ ಸಮೀವುಲ್ಲಾ. “ಇದು ಹೇಳಿಕೆಗೆ ಬೇಕಾಗಿಲ್ಲ. ಅಮ್ಮಾರ, ನೀವು ಇಲ್ಲಿ ಸಹಿ ಮಾಡ್ರಿ.”

ಮೈಲವ್ವ ಪೆನ್ನು ಹಿಡಿಯಲಿಲ್ಲ.

“ಬೇಕು ಸಾಹೇಬ್ರ, ಅದನ್ನೂ ಬರೀರಿ” ಎಂದಳು. “ಎರಡು ದಿನ ಸುಮ್ನ ಕುಂತಿದ್ದೆ. ಗೊತ್ತಿದ್ದೂ ಸುಮ್ನ ಕುಂತಿದ್ದೆ. ಗಂಡ ಹೊಡೀತಾನಂತ ಅಂಜಿ, ಆ ಪೆಟ್ಟು ಮಾಸ್ತರಿಗೆ ಬೀಳಾಕ ಬಿಟ್ಟೆ. ಹಂಗ ಬರೀರಿ.”

ಸಮೀವುಲ್ಲಾ ನಲಿನಿಯ ಕಡೆ ನೋಡಿದ, ಬಾಗಿಲಲ್ಲಿ ನಿಂತ ಮಾಂತೇಶನ ಕಡೆ ನೋಡಿದ. ಯಾರೂ ಬೇಡವೆನ್ನಲಿಲ್ಲ. ಅವನು ಪೆನ್ನು ಎತ್ತಿಕೊಂಡು ಬರೆದ. ಬರೆದದ್ದನ್ನು ಓದಿ ಹೇಳಿದ. ಮೈಲವ್ವ ಎರಡು ಸಲ ಓದಿಸಿ ಕೇಳಿ, ಅದರ ಕೆಳಗೆ ತನ್ನ ಹೆಸರು ಬರೆದಳು.